ದಂಡು ಬಂತು, ಹಗೇವು ಮುಚ್ಚಿರಿ

1520ರಲ್ಲಿ ಕೃಷ್ಣದೇವರಾಯನ ದಂಡು ರಾಯಚೂರಿನ ಕಡೆ ಹೊರಟಾಗ ದಾರಿಯಲ್ಲಿ ಒಂದು ಹೊಳೆ ಅಡ್ಡ ಬಂತಂತೆ. ಮುಂದಿನವರು ಇಳಿದಾಗ ನೀರು ಮೊಣಕಾಲಿನ ಅರ್ಧಕ್ಕಿತ್ತು. ದಂಡಿನ ಅರ್ಧ ಪಾಲು ದಾಟುವಷ್ಟರಲ್ಲಿ ಹೊಳೆಯಲ್ಲಿ ಹನಿ ನೀರೂ ಉಳಿಯಲಿಲ್ಲ. ಹಿಂದೆ ಬಂದವರು ಮರಳಿನಲ್ಲಿ ವರತಿ ತೋಡಿ ಬಾಯಿ ಒದ್ದೆ ಮಾಡಿಕೊಂಡರು. ಇದನ್ನು ಬರೆದಿಟ್ಟವನು ನ್ಯೂನಿಜ್ ಎಂಬ ಪೋರ್ಚುಗೀಸ್ ಕುದುರೆ ವ್ಯಾಪಾರಿ. ಯುದ್ಧ ಮುಗಿದು ಹದಿನೈದು ವರ್ಷವಾದ ಮೇಲೆ ವಿಜಯನಗರದಲ್ಲಿದ್ದು, ಕಂಡವರಿಂದ ಕೇಳಿ ಬರೆದ. ಏಳು ಲಕ್ಷಕ್ಕೂ ಮಿಕ್ಕ ಕಾಲಾಳು, 32,600 ಕುದುರೆ, 551 ಆನೆ ಎಂದು ಅವನು ಕೊಡುವ ಲೆಕ್ಕವನ್ನು ನಾವು ಪೂರ್ತಿ ನಂಬಬೇಕಾಗಿಲ್ಲ. ಕಾಲು ಭಾಗ ನಿಜವಾಗಿದ್ದರೂ ಸಾಕು, ಹೊಳೆ ಬತ್ತುತ್ತದೆ. ದಂಡಿನ ಜೊತೆ ತೊಗಲಿನ ಚೀಲದಲ್ಲಿ ನೀರು ಹೊತ್ತವರೇ 12,000 ಮಂದಿ, ದಾರಿಯುದ್ದಕ್ಕೂ ನಿಂತು ಬಾಯಾರಿದವರಿಗೆ ನೀರು ಕೊಡುತ್ತಿದ್ದರು ಎಂದೂ ಅವನು ಹೇಳುತ್ತಾನೆ.

ಆ ಹೊಳೆಯ ದಂಡೆಯ ಮೇಲೆ ಯಾವ ಊರಿತ್ತು, ಮರುದಿನ ಆ ಊರಿನ ಹೆಂಗಸರು ಕೊಡ ಹೊತ್ತು ಎಲ್ಲಿಗೆ ಹೋದರು ಎಂಬುದು ನ್ಯೂನಿಜ್‌ಗೆ ಬೇಕಿರಲಿಲ್ಲ. ಅವನೊಬ್ಬನನ್ನೇ ದೂರಿ ಪ್ರಯೋಜನವಿಲ್ಲ. ಆರು ನೂರು ವರ್ಷ ಈ ನೆಲದ ಮೇಲೆ ನಡೆದ ಯುದ್ಧಗಳನ್ನು ಬರೆದವರಲ್ಲಿ ಯಾರಿಗೂ ಅದು ಬೇಕಿರಲಿಲ್ಲ.

ಈ ನೆಲ ಕೃಷ್ಣೆ ಮತ್ತು ತುಂಗಭದ್ರೆಯರ ನಡುವಿನದು. ಶಾಸನಗಳು ಇದನ್ನು ಎಡೆದೊರೆ ಎರಡು ಸಾಸಿರ ಎನ್ನುತ್ತವೆ, ಇಂದಿನ ಪುಸ್ತಕಗಳು ರಾಯಚೂರು ದೋಆಬ್ ಎನ್ನುತ್ತವೆ. ಪೂರ್ವದಲ್ಲಿ ರಾಯಚೂರು, ಮಾನ್ವಿ, ನಡುವೆ ಸಿಂಧನೂರು, ಮಸ್ಕಿ, ಲಿಂಗಸುಗೂರು, ಮುದಗಲ್ಲು, ಉತ್ತರಕ್ಕೆ ದೇವದುರ್ಗ, ಪಡುವಣಕ್ಕೆ ಕುಷ್ಟಗಿ, ಕೊಪ್ಪಳ, ಗಂಗಾವತಿ. ವಿಜಯನಗರದವರ ಮೂಲ ನೆಲೆ ಎನ್ನಲಾಗುವ ಆನೆಗೊಂದಿಯೂ ಇದರೊಳಗೇ ಇದೆ, ತುಂಗಭದ್ರೆಯ ಈಚೆ ದಂಡೆಯಲ್ಲಿ. ರಾಯಚೂರಿನ ಸುತ್ತ ದೊಡ್ಡ ಬಯಲು, ಅಲ್ಲಲ್ಲಿ ಬಂಡೆ, ಮರ ಎಂದರೆ ಕುಳ್ಳ ಗಿಡಗಳು ಎಂದು ನ್ಯೂನಿಜ್ ಬರೆದದ್ದು ಇವತ್ತಿಗೂ ಅರ್ಧ ನಿಜ. ಬಹುಪಾಲು ಎರೆ ಭೂಮಿ. ಮಳೆ ಕಡಿಮೆ, ಬಂದರೆ ಒಮ್ಮೆಲೇ ಬರುವ ಮಳೆ. ಆದರೆ ಎರೆ ಒಮ್ಮೆ ಕುಡಿದ ನೀರನ್ನು ಸುಲಭಕ್ಕೆ ಬಿಡುವುದಿಲ್ಲ. ಹಿಂಗಾರಿಗೆ ಬಿತ್ತಿದ ಬಿಳಿಜೋಳ ಮಾಗಿಯ ಇಬ್ಬನಿಯಲ್ಲೇ ತೆನೆ ಕಟ್ಟುತ್ತದೆ. ಜೊತೆಗೆ ಕಡಲೆ, ಕುಸುಬೆ, ಅಗಸೆ, ಹತ್ತಿ. ಹಟ್ಟಿಯ ಸುತ್ತ ಬಂಗಾರದ ಅದಿರು. ಎರಡು ಹೊಳೆಗಳ ದಡಕ್ಕೂ ಒಬ್ಬೊಬ್ಬ ದೊರೆ ಇದ್ದರೆ, ನಡುವಿನ ಇಂಥ ನೆಲವನ್ನು ಇಬ್ಬರೂ ಬಿಡುವುದಿಲ್ಲ.

ಈ ಆಸೆ ವಿಜಯನಗರದ ಕಾಲದಲ್ಲಿ ಹುಟ್ಟಿದ್ದಲ್ಲ. ಮಸ್ಕಿಯಲ್ಲಿ 1915ರಲ್ಲಿ ಸಿಕ್ಕ ಬಂಡೆ ಶಾಸನದಲ್ಲಿ ಅಶೋಕನ ಹೆಸರೇ ಇದೆ. ಪಾಟಲಿಪುತ್ರದ ಅರಸನಿಗೆ ಈ ಮೂಲೆಯಲ್ಲಿ ಕೆಲಸವೇನು ಎಂದು ಕೇಳಿದರೆ ಬಂಗಾರ ಎಂದೇ ಬಹುಮಂದಿ ವಿದ್ವಾಂಸರ ಉತ್ತರ. ಹನ್ನೊಂದನೇ ಶತಮಾನದಲ್ಲಿ ರಾಜೇಂದ್ರ ಚೋಳ ತಾನು ಗೆದ್ದ ನಾಡುಗಳ ಪಟ್ಟಿಯಲ್ಲಿ ಎಡೆದೊರೆಯನ್ನು ಮೊದಲ ಸಾಲುಗಳಲ್ಲೇ ಹೇಳಿಕೊಂಡ. ಚೋಳ ದಂಡು ಹೊಕ್ಕರೆ ಏನಾಗುತ್ತಿತ್ತೆಂದು ತಿಳಿಯಲು ಕಲ್ಯಾಣ ಚಾಲುಕ್ಯರ ಹೊಟ್ಟೂರಿನ ಶಾಸನ ನೋಡಬೇಕು. ಹೊಟ್ಟೂರು ಇರುವುದು ಎಡೆದೊರೆಯ ಹೊರಗೆ, ಹಾವೇರಿಯ ಕಡೆ. ನಾಡನ್ನು ಸೂರೆ ಮಾಡಿದರು, ಹೆಂಗಸರು ಮಕ್ಕಳೆನ್ನದೆ ಕೊಂದರು ಎಂಬ ದೂರು ಅಲ್ಲಿದೆ. ಶತ್ರುವಿನ ಬಗ್ಗೆ ಬರೆದ ಮಾತು, ಉಪ್ಪು ಖಾರ ಇರುತ್ತದೆ. ಆದರೂ ಸೂರೆ ಸುಳ್ಳಲ್ಲ. ನಮ್ಮ ವೀರಗಲ್ಲುಗಳಲ್ಲಿ ಊರಳಿವು, ತುರುಗೋಳು, ಪೆಣ್ಬುಯ್ಯಲು ಎಂದು ಕಾಳಗದ ಬಗೆಗಳಿಗೇ ಬೇರೆ ಬೇರೆ ಹೆಸರುಗಳಿರುವಾಗ, ಊರು ಸುಡುವುದು, ದನ ಹೊಡೆದೊಯ್ಯುವುದು, ಹೆಂಗಸರ ಮೇಲೆ ಕೈಹಾಕುವುದು ಎಷ್ಟು ಮಾಮೂಲಿಯಾಗಿತ್ತೆಂದು ಬೇರೆ ಸಾಕ್ಷಿ ಬೇಡ.

ರಾಯಚೂರಿನ ಬಸ್ ನಿಲ್ದಾಣದ ಹತ್ತಿರವೇ ಕೋಟೆ. ಒಳಗೋಡೆಯ ಪಡುವಣ ಭಾಗದಲ್ಲಿ 41 ಅಡಿಗೂ ಮಿಕ್ಕಿ ಉದ್ದದ ಒಂದೇ ಒಂದು ಕಲ್ಲು ಇದೆ. ಅದರ ಮೇಲೆ 1294ರ ತೆಲುಗು ಶಾಸನ. ಕಾಕತೀಯರ ಸಾಮಂತ ಗೋರೆ ಗಂಗಯ ರೆಡ್ಡಿಯ ಕಡೆಯ ವಿಠಲನಾಥ ಆದವಾನಿ, ತುಂಬಳ, ಮಾನುವ, ಹಾಲುವಗಳನ್ನು ಗೆದ್ದು ರಾಯಚೂರನ್ನು ಹೊಕ್ಕು ಜನರ ರಕ್ಷಣೆಗೆ ಈ ಗೋಡೆ ಕಟ್ಟಿಸಿದ ಎಂದು ಅದರ ಸಾರಾಂಶ. ನನಗೆ ಅಕ್ಷರಕ್ಕಿಂತ ಹತ್ತಿರದಲ್ಲೇ ಕೊರೆದ ಗೆರೆಚಿತ್ರ ಮುಖ್ಯ. ಅಂಥದೇ ಉದ್ದನೆಯ ಕಲ್ಲನ್ನು ಗಟ್ಟಿ ಗಾಲಿಗಳ ಬಂಡಿಯ ಮೇಲೆ ಹೇರಿದ್ದಾರೆ. ಮುಂದೆ ಜೋಡಿ ಜೋಡಿಯಾಗಿ ಕೋಣಗಳ ಉದ್ದನೆಯ ಸಾಲು. ಅಲ್ಲಲ್ಲಿ ನಿಂತ ಆಳುಗಳು ಕೂಗಿ ಹುರಿದುಂಬಿಸುತ್ತಾ ಹೊಡೆಯುತ್ತಿದ್ದಾರೆ. ಹಿಂದಿನಿಂದ ಕೆಲವರು ಗಾಲಿಗೆ ಹಾರೆಗೋಲು ಕೊಟ್ಟು ಮೀಟುತ್ತಿದ್ದಾರೆ. ಕೋಟೆ ಕಟ್ಟಿದವರು ತಾವು ಕಟ್ಟಿದ್ದು ಹೇಗೆಂದು ಹೀಗೆ ಬಿಡಿಸಿಟ್ಟ ಉದಾಹರಣೆ ನಮ್ಮಲ್ಲಿ ಅಪರೂಪ. ಆ ಕೋಣಗಳು ಎಲ್ಲಿಂದ ಬಂದವು? ಅರಮನೆಯ ಕೊಟ್ಟಿಗೆಯಲ್ಲಿ ಅಷ್ಟು ಕೋಣ ಇರುವುದಿಲ್ಲ. ಸುತ್ತಲ ಊರುಗಳ ಹೊಲದಿಂದ ಬಿಚ್ಚಿಕೊಂಡು ಬಂದವೇ ಇರಬೇಕು. ಬಿಟ್ಟಿ ಎಂಬ ಪದ ನಮ್ಮ ಶಾಸನಗಳಲ್ಲಿ ಸುಮ್ಮನೆ ಬಂದದ್ದಲ್ಲ. ಹಾಗೆ ಸಾಗಿಸಿದ ಕಲ್ಲಿನ ಗೋಡೆಯೊಳಗೆ ದಂಡು ಬಂದಾಗ ಎಷ್ಟು ರೈತರಿಗೆ ಜಾಗ ಸಿಕ್ಕಿತೋ ಹೇಳುವುದು ಕಷ್ಟ.

ವಿಜಯನಗರವೂ ಬಹಮನಿಯೂ ಹದಿನಾಲ್ಕನೇ ಶತಮಾನದ ನಡುವಿನಲ್ಲಿ, ಹತ್ತು ಹನ್ನೆರಡು ವರ್ಷಗಳ ಅಂತರದಲ್ಲಿ ತಲೆ ಎತ್ತಿದವು. ಒಂದರ ರಾಜಧಾನಿ ತುಂಗಭದ್ರೆಯ ಆಚೆ, ಇನ್ನೊಂದರದು ಕಲಬುರಗಿ. ಅಲ್ಲಿಂದ ಇನ್ನೂರು ವರ್ಷ ರಾಯಚೂರು ಮತ್ತು ಮುದಗಲ್ಲಿನ ಕೋಟೆಗಳು ಕೈಯಿಂದ ಕೈಗೆ ಹೋಗುತ್ತಲೇ ಇದ್ದವು. 1366ರಲ್ಲಿ ಬುಕ್ಕರಾಯ ಮುದಗಲ್ಲನ್ನು ಹಿಡಿದು ಒಳಗಿದ್ದವರನ್ನೆಲ್ಲ ಕಡಿಸಿದ, ಒಬ್ಬನೇ ಒಬ್ಬ ತಪ್ಪಿಸಿಕೊಂಡು ಬಹಮನಿ ಸುಲ್ತಾನನಿಗೆ ಸುದ್ದಿ ಮುಟ್ಟಿಸಿದ, ಲಕ್ಷ ಮಂದಿಯನ್ನು ಕೊಲ್ಲುವವರೆಗೆ ಕತ್ತಿ ಒರೆಗೆ ಹಾಕುವುದಿಲ್ಲವೆಂದು ಮುಹಮ್ಮದ್ ಷಾ ಆಣೆ ಮಾಡಿದ ಎಂದು ಫೆರಿಸ್ತಾ ಬರೆಯುತ್ತಾನೆ. ಫೆರಿಸ್ತಾ ಇದನ್ನು ಬರೆದದ್ದು ಎರಡು ಶತಮಾನಕ್ಕೂ ಹೆಚ್ಚು ಕಾಲ ಕಳೆದ ಮೇಲೆ, ಬಿಜಾಪುರದ ಆಸ್ಥಾನದಲ್ಲಿ ಕುಳಿತು. ಅವನ ಸಂಖ್ಯೆಗಳು ನ್ಯೂನಿಜ್‌ನ ಸಂಖ್ಯೆಗಳ ಅಣ್ಣಂದಿರು. ಆದರೆ ಅದೇ ಕಥೆಯ ಕೊನೆಯಲ್ಲಿ ಅವನು ಹೇಳುವ ಒಂದು ಮಾತನ್ನು ನಾನು ನಂಬುತ್ತೇನೆ. ಕೊಲೆ ಅತಿಯಾದಾಗ ವಿಜಯನಗರದ ರಾಯಭಾರಿಗಳು, ಇನ್ನು ಮುಂದೆ ಕೈಯಲ್ಲಿ ಆಯುಧ ಇಲ್ಲದವರನ್ನು ಎರಡೂ ಕಡೆಯವರು ಕೊಲ್ಲಬಾರದು ಎಂದು ಕೇಳಿದರಂತೆ, ಸುಲ್ತಾನ ಒಪ್ಪಿದನಂತೆ. ಒಪ್ಪಂದ ಯಾವಾಗಲೂ ಉಳಿಯಿತೆಂದಲ್ಲ. ಜನ ಸತ್ತರೆ ಹೊಲ ಬೀಳು ಬೀಳುತ್ತದೆ, ಹೊಲ ಬೀಳು ಬಿದ್ದರೆ ಗೆದ್ದ ನಾಡಿನಿಂದ ಕವಡೆ ಹುಟ್ಟುವುದಿಲ್ಲ ಎಂಬ ಲೆಕ್ಕ ಇಬ್ಬರಿಗೂ ತಿಳಿದಿತ್ತು. ಎಡೆದೊರೆಯ ಚರಿತ್ರೆಗೆ ಇದೇ ಕೀಲಿಕೈ ಎಂದು ನನ್ನ ಎಣಿಕೆ.

1406ರ ಯುದ್ಧಕ್ಕೆ ಮುದಗಲ್ಲಿನ ಅಕ್ಕಸಾಲಿಗನ ಮಗಳು ಕಾರಣ ಎಂಬ ಕಥೆಯನ್ನು ಎಲ್ಲರೂ ಬಲ್ಲರು. ಹುಡುಗಿಯ ಚೆಲುವಿನ ಸುದ್ದಿ ಕೇಳಿದ ವಿಜಯನಗರದ ಒಂದನೇ ದೇವರಾಯ ಅವಳನ್ನು ತರಲು 5,000 ಕುದುರೆ ಸವಾರರನ್ನು ಅಟ್ಟಿದ, ಕೊನೆಗೆ ಯುದ್ಧ ಸೋತು ತನ್ನ ಮಗಳನ್ನೇ ಬಹಮನಿ ಸುಲ್ತಾನ ಫಿರೋಜ್ ಷಾನಿಗೆ ಕೊಟ್ಟು ಬಂಕಾಪುರವನ್ನು ಬಳುವಳಿ ನೀಡಿದ ಎಂದು ಅದೇ ಫೆರಿಸ್ತಾನ ಮಾತು. ನಾಟಕಕ್ಕೆ ಒಳ್ಳೆಯ ವಸ್ತು. ಕಥೆಯ ನಡುವೆ ಸಿಕ್ಕಿಕೊಂಡಿರುವ ಒಂದು ವಿವರದ ಮೇಲೆ ಮಾತ್ರ ಯಾರ ಕಣ್ಣೂ ಬೀಳುವುದಿಲ್ಲ. ಸವಾರರು ಬರುತ್ತಿದ್ದಾರೆಂದು ಗೊತ್ತಾದ ಕೂಡಲೇ ಹುಡುಗಿಯ ಮನೆಯವರು ಊರವರ ಜೊತೆ ಓಡಿಹೋದರು. ಬಂದವರಿಗೆ ಯಾರೂ ಸಿಗಲಿಲ್ಲ. ಸಿಟ್ಟಿನಿಂದ ಮರಳುವ ದಾರಿಯಲ್ಲಿ ಹಳ್ಳಿಗಳನ್ನು ಲೂಟಿ ಮಾಡಿದರು. ಪಾರ್ಥಾಲ್ ಎಂಬ ಹುಡುಗಿ ಇದ್ದಳೋ ಇಲ್ಲವೋ, ಕುದುರೆ ಬರುವ ಮೊದಲೇ ಇಡೀ ಊರು ಖಾಲಿಯಾಗುವುದು ಆ ಸೀಮೆಯಲ್ಲಿ ಹೊಸದೇನಲ್ಲ ಎಂಬಂತೆ ಫೆರಿಸ್ತಾ ಅದನ್ನು ಒಂದೇ ಸಾಲಿನಲ್ಲಿ ಹೇಳಿ ಮುಗಿಸುತ್ತಾನೆ.

ಆ ಓಡುವಿಕೆಗೆ ಒಂದು ಕ್ರಮವಿತ್ತು. ಮುನ್ನೂರು ನಾಲ್ಕುನೂರು ವರ್ಷಗಳ ನಂತರವೂ ಕ್ರಮ ಬದಲಾಗಿರಲಿಲ್ಲ. ಹತ್ತೊಂಬತ್ತನೇ ಶತಮಾನದ ಆರಂಭದಲ್ಲಿ ಮೈಸೂರಿನ ಚರಿತ್ರೆ ಬರೆದ ವಿಲ್ಕ್ಸ್, ಹೈದರ್ ಮತ್ತು ಟಿಪ್ಪುವಿನ ಕಾಲದ ವಲಸೆಯನ್ನು ಬಿಡಿಸಿ ಹೇಳಿದ್ದಾನೆ. ಶತ್ರು ದಂಡಿನ ಸುದ್ದಿ ಮುಟ್ಟಿದೊಡನೆ ಹೊರಲಾರದ ಸಾಮಾನನ್ನು ನೆಲದಲ್ಲಿ ಹೂತು, ಆರು ವರ್ಷ ದಾಟಿದ ಮಗುವೂ ಸೇರಿ ಪ್ರತಿಯೊಬ್ಬರೂ ಅವರವರ ಶಕ್ತಿಗೆ ತಕ್ಕಷ್ಟು ಕಾಳಿನ ಗಂಟು ಹೊತ್ತು, ದೂರದ ಕೋಟೆಗೋ ಜನ ಸುಳಿಯದ ಗುಡ್ಡಕ್ಕೋ ಹೋಗುವುದು. ದಂಡು ಬೇಗ ಹೊರಟರೆ ಮರಳಿ ಬರುವುದು. ಗಂಟಿನ ಕಾಳು ಮುಗಿಯುವವರೆಗೂ ದಂಡು ಕದಲದಿದ್ದರೆ ಹಸಿವಿನಿಂದ ಸಾಯುವುದು.

ಊರಲ್ಲಿ ಉಳಿದ ಕಾಳು ಹಗೇವಿನಲ್ಲಿರುತ್ತಿತ್ತು. ಹಗೇವು ಕಾಣದ ತಲೆಮಾರಿಗಾಗಿ ಎರಡು ಮಾತು. ನೀರು ನಿಲ್ಲದ ದಿನ್ನೆಯ ಗಟ್ಟಿ ನೆಲ ನೋಡಿ ಆಳು ಮಟ್ಟಕ್ಕೂ ಮೀರಿ ಅಗೆಯುತ್ತಾರೆ. ಬಾಯಿ ಒಬ್ಬ ಇಳಿಯುವಷ್ಟೇ ಕಿರಿದು, ಹೊಟ್ಟೆ ಅಗಲ. ತಳಕ್ಕೂ ಸುತ್ತಲೂ ಜೋಳದ ಕಣಿಕೆ, ಹೊಟ್ಟು ಒತ್ತಿ, ಒಣಗಿದ ಜೋಳ ಸುರಿದು, ಮೇಲೆ ಮತ್ತೆ ಹೊಟ್ಟು, ಚಪ್ಪಡಿ, ಮಣ್ಣು. ಮೇಲೆ ದನ ಕಟ್ಟಿದರೆ ಅಲ್ಲಿ ಹಗೇವಿದೆ ಎಂದು ಊರಿನವನಲ್ಲದೆ ಪರಊರಿನವನಿಗೆ ತಿಳಿಯುವುದಿಲ್ಲ. ಗಾಳಿ ಆಡದ ಕಾರಣ ಹುಳ ಹಿಡಿಯುವುದಿಲ್ಲ, ಜೋಳ ವರ್ಷಗಟ್ಟಲೆ ಇರುತ್ತದೆ. ಅದೇ ಕಾರಣಕ್ಕೆ ಬಾಯಿ ತೆರೆದ ಕೂಡಲೇ ಯಾರೂ ಇಳಿಯಬಾರದು. ಒಳಗೆ ಕಟ್ಟಿಕೊಂಡ ಕೆಟ್ಟ ಗಾಳಿಗೆ ಇಳಿದವನು ಮೇಲೆ ಬರುವುದಿಲ್ಲ. ಒಂದು ದಿನ ತೆರೆದಿಟ್ಟು, ದೀಪ ಇಳಿಬಿಟ್ಟು, ಆರದಿದ್ದರೆ ಮಾತ್ರ ಇಳಿಯಬೇಕು. ಹಗೇವಿನ ಜೋಳದ ರೊಟ್ಟಿಗೆ ಒಂದು ಮುಗ್ಗಿನ ವಾಸನೆ ಇರುತ್ತದೆ, ಹಸಿದವರು ಅದನ್ನು ಲೆಕ್ಕಕ್ಕಿಡುವುದಿಲ್ಲ. ಬರಕ್ಕೂ ದಂಡಿಗೂ ಒಂದೇ ಉಪಾಯ. ಕೋಟೆಯ ಕಲ್ಲು ಸಾಗಿಸಿದ್ದನ್ನು ಚಿತ್ರ ಬರೆದಿಟ್ಟ ನಾಡಿನಲ್ಲಿ ಹಗೇವು ಅಗೆದವನ ಬಗ್ಗೆ ಒಂದು ಗೆರೆಯೂ ಇಲ್ಲ.

ದಂಡು ಹೊರಡುವ ಕಾಲವೂ ರೈತನಿಗೆ ಎದುರಾಗಿಯೇ ಬರುತ್ತಿತ್ತು. ಮಳೆಗಾಲದಲ್ಲಿ ಕೃಷ್ಣೆ ತುಂಬಿ ಹರಿಯುವಾಗ ಕುದುರೆ, ಫಿರಂಗಿ ದಾಟುವಂತಿಲ್ಲ. ಎರೆ ನೆಲವಂತೂ ಮಳೆ ಬಿದ್ದರೆ ಬಂಡಿಯ ಗಾಲಿಯನ್ನು ಅಚ್ಚಿನವರೆಗೆ ನುಂಗುತ್ತದೆ. ಹೊಳೆ ಇಳಿದು ದಾರಿ ಒಣಗಿದ ಮೇಲೆ, ಅಂದರೆ ಹಿಂಗಾರಿ ಜೋಳ ಎದೆಮಟ್ಟ ಬೆಳೆದು ತೆನೆ ಹಾಕುವ ಹೊತ್ತಿಗೆ ದಂಡು ಕದಲುತ್ತದೆ. ಕುದುರೆಗೆ ಕಡಲೆ ಬೇಕು, ಆನೆಗೆ ಮೇವು ಬೇಕು, ಆಳಿಗೆ ಕಾಳು ಬೇಕು. ಲಂಬಾಣಿಗರು ಎತ್ತುಗಳ ಮೇಲೆ ಹೇರು ಹಾಕಿ ದವಸ ತರುತ್ತಿದ್ದದ್ದು ನಿಜ, ಅವರಿಲ್ಲದೆ ದಖ್ಖನಿನ ಯಾವ ದಂಡೂ ತಿಂಗಳು ಕಾಲ ನಿಲ್ಲುತ್ತಿರಲಿಲ್ಲ. ಆದರೂ ಹತ್ತಿರದ ಹೊಲ ದೂರದ ಹೇರಿಗಿಂತ ಅಗ್ಗ.

ಹಾಗಾದರೆ ರೈತ ಬರೀ ಬಲಿಯಾಗಿದ್ದನೆ? ನಾನು ಹಾಗೆ ಹೇಳಲಾರೆ. ಕಾವೇರಿ ಬಯಲಿನ ರೈತರು 1429ರಲ್ಲಿ ಸಭೆ ಸೇರಿ, ಅನ್ಯಾಯದ ತೆರಿಗೆ ಕೊಡುವುದಿಲ್ಲವೆಂದು ಗುಡಿಯ ಗೋಡೆಯ ಮೇಲೆ ಶಾಸನವನ್ನೇ ಕೊರೆಸಿದರು. ನೀರಾವರಿ ಗದ್ದೆ ಬಿಟ್ಟು ಹೋಗಲಾರದವರು ನಿಂತು ಜಗಳವಾಡಲೇಬೇಕು. ಎಡೆದೊರೆಯ ರೈತನಿಗೆ ಎರಡೂ ಕಡೆ ಹೊಳೆ, ಹೊಳೆಯಾಚೆ ಇನ್ನೊಬ್ಬ ದೊರೆ, ಅವನ ಸೀಮೆಯಲ್ಲೂ ಬೀಳು ಬಿದ್ದ ಎರೆ. ನೇಗಿಲು, ಎತ್ತು, ಮಕ್ಕಳನ್ನು ಕಟ್ಟಿಕೊಂಡು ದಾಟಿಬಿಟ್ಟರೆ ಈಚಿನ ದೊರೆಯ ಬೊಕ್ಕಸಕ್ಕೆ ತೂತು. ಅದಕ್ಕೇ ಗೆದ್ದವನು ಕೋಟೆಯ ಮೇಲೆ ನಿಶಾನೆ ಏರಿಸಿದ ಮೇಲೆ ಜನರನ್ನು ಕರೆಸುವ ಕೆಲಸಕ್ಕೆ ಕೂರಬೇಕಾಗುತ್ತಿತ್ತು. ಬಹಮನಿಯ ನಂತರ ಬಿಜಾಪುರದಿಂದ ಆಳಿದ ಆದಿಲ್‌ಷಾಹಿಗಳ ಕಾಲದಲ್ಲಿ ಇದಕ್ಕೆ ಕೌಲು ಎಂಬ ಪದ್ಧತಿಯೇ ಬೆಳೆದಿತ್ತು. ಬಿಟ್ಟುಹೋದ ರೈತರಿಗೆ, ಮರಳಿ ಬಂದು ಬೀಳು ಒಡೆಯಿರಿ, ಮೊದಲ ವರ್ಷ ಇಷ್ಟೇ ಕೊಡಿ, ಆಮೇಲೆ ವರ್ಷ ವರ್ಷ ಸ್ವಲ್ಪ ಸ್ವಲ್ಪ ಏರುತ್ತದೆ ಎಂದು ಬರೆದುಕೊಡುವ ಅಭಯ ಪತ್ರ ಅದು. ದೇಸಾಯಿ, ಗೌಡ, ಕುಲಕರ್ಣಿಗಳು ಊರೂರಿಗೆ ಹೋಗಿ ಮನವೊಲಿಸಿ ಕರೆತರಬೇಕು.

ಕೃಷ್ಣದೇವರಾಯನಿಗೂ ಇದು ಚೆನ್ನಾಗಿ ಗೊತ್ತಿತ್ತು. ತನ್ನ ತೆಲುಗು ಕಾವ್ಯ ಆಮುಕ್ತಮಾಲ್ಯದದಲ್ಲಿ ಅವನು ಒಬ್ಬ ಅಧಿಕಾರಿಯ ಮಾತು ಎತ್ತುತ್ತಾನೆ. ಕಷ್ಟಕ್ಕೆ ಊರು ಬಿಟ್ಟ ಪ್ರಜೆಗಳನ್ನು ಮರಳಿ ಕರೆಯುವ ಬದಲು ಅವರ ದನ, ಕಾಳು ಮಾರಿಕೊಂಡು ಮನೆಯ ಮರಮುಟ್ಟನ್ನು ಉರಿಸುವ ಆ ಅಧಿಕಾರಿಯನ್ನು ಯುದ್ಧಭೂಮಿಯ ನರಿಗೆ ಹೋಲಿಸಿ, ಅಂಥವನನ್ನು ಇಟ್ಟುಕೊಂಡ ಅರಸ ಏಳು ದ್ವೀಪ ಆಳಿದರೂ ಏಳಿಗೆ ಕಾಣನು ಎನ್ನುತ್ತಾನೆ. ಅರಮನೆಯ ಪುಸ್ತಕ ಓದಿ ಬಂದ ಜ್ಞಾನ ಇದಲ್ಲ. ಖಾಲಿ ಊರುಗಳನ್ನು ಕಂಡವನ ಮಾತು. ಮನೆಯ ತೊಲೆಯನ್ನು ಸೌದೆ ಮಾಡುವವರನ್ನು ನೋಡದೆ ಆ ವಿವರ ಹೊಳೆಯುವುದಿಲ್ಲ.

ಇನ್ನು 1520ರ ಯುದ್ಧ. ನೆಪ ಕುದುರೆಯದು. ಗೋವೆಯಿಂದ ಕುದುರೆ ಕೊಳ್ಳಲು ರಾಯ 40,000 ಪರ್ದಾವ್ ಕೊಟ್ಟು ಕಳಿಸಿದ ಸಯ್ಯದ್ ಮರಕಾಯರ್ ಎಂಬುವನು ಹಣದ ಸಮೇತ ಬಿಜಾಪುರದ ಸೀಮೆಗೆ ಓಡಿದ. ಆದಿಲ್ ಷಾ ಅವನನ್ನು ಒಪ್ಪಿಸಲಿಲ್ಲ. ರಾಯಚೂರಿನ ಮೇಲೆ ಕಣ್ಣಿಟ್ಟವನಿಗೆ ಇಷ್ಟು ಸಾಕಾಗಿತ್ತು. ತಿಂಗಳುಗಟ್ಟಲೆ ಕೋಟೆಗೆ ಮುತ್ತಿಗೆ. ಗೋಡೆ ಒಡೆಯಲು ದೊಡ್ಡ ಫಿರಂಗಿಗಳು ರಾಯನ ಬಳಿ ಇದ್ದಂತಿಲ್ಲ. ಆಳುಗಳು ಪಿಕಾಸಿ, ಹಾರೆ ಹಿಡಿದು ಗೋಡೆಯ ಬುಡಕ್ಕೇ ನುಗ್ಗಿ ಕಲ್ಲು ಕೀಳುತ್ತಿದ್ದರು. ಕಿತ್ತು ತಂದ ಕಲ್ಲಿನ ಗಾತ್ರಕ್ಕೆ ತಕ್ಕಂತೆ ನಾಯಕರು ಹಣ ಎಣಿಸುತ್ತಿದ್ದರಂತೆ. ಮೇಲಿನಿಂದ ಗುಂಡು, ಬಾಣ, ಕಲ್ಲು. ಜೀವದ ಬೆಲೆ ಕಲ್ಲಿನ ಲೆಕ್ಕದಲ್ಲಿ ಇಷ್ಟು ನಿಖರವಾಗಿ ಸಂದಾಯವಾದದ್ದು ಬೇರೆಲ್ಲಿಯೂ ನಾನು ಓದಿಲ್ಲ.

ಇಸ್ಮಾಯಿಲ್ ಆದಿಲ್ ಷಾ ಕೃಷ್ಣೆ ದಾಟಿ ಬಂದದ್ದು ಮೇ ತಿಂಗಳಲ್ಲಿ. ಕುಡಿದ ಅಮಲಿನಲ್ಲಿ ದಾಟಿಸಿದ ಎಂಬುದು ಫೆರಿಸ್ತಾನ ಚುಚ್ಚುಮಾತು. ಅವನ ಬಳಿ ಫಿರಂಗಿಗಳು ಬೇಕಾದಷ್ಟಿದ್ದವು. ಮೇ 19ರ ಬೆಳಗ್ಗೆ ಎಲ್ಲವೂ ಒಟ್ಟಿಗೆ ಸಿಡಿದಾಗ ವಿಜಯನಗರದ ಮುಂಭಾಗ ಚದುರಿಹೋಯಿತು. ಮತ್ತೆ ಮದ್ದು ತುಂಬುವಷ್ಟರಲ್ಲಿ ರಾಯ ತಾನೇ ಕುದುರೆ ಏರಿ ಹಿಂದಿನವರನ್ನು ನುಗ್ಗಿಸಿದ. ಬಿಜಾಪುರದವರು ಹೊಳೆಗೆ ಬೆನ್ನಾಗಿದ್ದರು, ಓಡಲು ಹೊಳೆಯೊಂದೇ ದಾರಿ. ನೀರಿಗೆ ಬಲಿಯಾದವರು ಬಹಳ. ಆದಿಲ್ ಷಾ ಆನೆಯ ಮೇಲೆ ಹೊಳೆ ದಾಟಿ ಜೀವ ಉಳಿಸಿಕೊಂಡ. ಅಷ್ಟಾದರೂ ರಾಯಚೂರು ಕೋಟೆ ಬಾಗಿಲು ತೆರೆಯಲಿಲ್ಲ. ಕ್ರಿಸ್ಟೋವಾವ್ ದ ಫಿಗೈರೆದೊ ಎಂಬ ಪೋರ್ಚುಗೀಸನ ಕಡೆಯ 20 ಬಂದೂಕುಗಾರರು ಗೋಡೆಯ ಮೇಲೆ ತಲೆ ಎತ್ತಿದವರನ್ನು ಹೊಡೆದು ಉರುಳಿಸಲು ತೊಡಗಿದ ಮೇಲೆ, ಕೋಟೆಯ ನಾಯಕನೂ ಹಾಗೆಯೇ ಸತ್ತ ಮೇಲೆ, ಒಳಗಿನವರು ಶರಣಾದರು. ಊರಿನ ಜನರಿಗೆ ಕೃಷ್ಣದೇವರಾಯ ಅಭಯ ಕೊಟ್ಟ. ಇರುವವರು ಇರಬಹುದು, ಹೋಗುವವರು ತಮ್ಮ ಸಾಮಾನು ಹೊತ್ತು ಹೋಗಬಹುದು. ಆಮುಕ್ತಮಾಲ್ಯದ ಬರೆದವನು ತನ್ನ ಮಾತಿಗೆ ತಪ್ಪಲಿಲ್ಲ ಎನ್ನಬೇಕು. ಅದರ ಜೊತೆಗೇ, ಇಸ್ಮಾಯಿಲ್ ಬಂದು ನನ್ನ ಪಾದಕ್ಕೆ ಮುತ್ತಿಡಲಿ ಎಂದು ಹಟ ಹಿಡಿದು ಬಿಜಾಪುರದವರೆಗೆ ದಂಡು ಒಯ್ದವನೂ ಅವನೇ. ಆ ದಾರಿಯ ಊರುಗಳಿಗೆ ಆ ಹಟದಿಂದ ಸಿಕ್ಕಿದ್ದು ಇನ್ನೊಂದು ಸುತ್ತಿನ ವಲಸೆ. ಹತ್ತು ವರ್ಷ ತುಂಬುವಷ್ಟರಲ್ಲಿ ರಾಯ ತೀರಿಕೊಂಡ, 1530ರಲ್ಲಿ ಅದೇ ಇಸ್ಮಾಯಿಲ್ ರಾಯಚೂರು, ಮುದಗಲ್ಲು ಎರಡನ್ನೂ ಮರಳಿ ಹಿಡಿದ.

ಈ ಯುದ್ಧಗಳನ್ನು ಎರಡು ಧರ್ಮಗಳ ಕಾದಾಟವಾಗಿ ಓದುವ ಚಾಳಿ ನಮ್ಮಲ್ಲಿ ಬಲವಾಗಿದೆ. ಫೆರಿಸ್ತಾನಿಗೂ ಅದೇ ಚಾಳಿ. ಇಮ್ಮಡಿ ದೇವರಾಯ ತನ್ನ ದಂಡಿಗೆ ಮುಸ್ಲಿಂ ಬಿಲ್ಲಾಳುಗಳನ್ನು ಸೇರಿಸಿಕೊಂಡು ಅವರಿಗಾಗಿ ಮಸೀದಿ ಕಟ್ಟಿಸಿದ್ದನ್ನೂ ಫೆರಿಸ್ತಾನೇ ಬರೆದಿದ್ದಾನೆ. ವಿಜಯನಗರದ ಅಳಿಯ ರಾಮರಾಯ ಮೊದಲು ಗೋಲ್ಕೊಂಡದ ಚಾಕರಿಯಲ್ಲಿದ್ದವನು. ಬಿಜಾಪುರದ ಒಂದನೇ ಇಬ್ರಾಹಿಂ ಲೆಕ್ಕಪತ್ರವನ್ನು ಪಾರಸಿಯಿಂದ ದೇಶಭಾಷೆಗೆ ಇಳಿಸಿ ಬ್ರಾಹ್ಮಣರ ಕೈಗೆ ಕೊಟ್ಟವನು. 1520ರಲ್ಲಿ ಎರಡೂ ಪಾಳೆಯದಲ್ಲಿ ಪೋರ್ಚುಗೀಸರಿದ್ದರು. ಹೊಡೆದಾಟ ಜೋಳಕ್ಕೆ, ಬಂಗಾರಕ್ಕೆ, ಕುದುರೆಯ ದಾರಿಗೆ, ಮತ್ತು ಮಾನಕ್ಕೆ. ಮುದಗಲ್ಲಿನ ಮೊಹರಂ ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಎರಡು ಶತಮಾನ ರಕ್ತ ಹರಿದ ಕೋಟೆಯ ಒಳಗೆ ಹುಸೇನಿ ಆಲಂ ದೇವರು ಕೂರುತ್ತದೆ, ಹರಕೆ ಹೊತ್ತವರಲ್ಲಿ ಎಲ್ಲ ಜಾತಿಯವರೂ ಇರುತ್ತಾರೆ, ಕರ್ಬಲಾದ ಕಥೆಯನ್ನು ಕನ್ನಡದ ರಿವಾಯತ್ ಪದಗಳಲ್ಲಿ ಹಾಡುತ್ತಾರೆ.

1565ರ ಜನವರಿಯಲ್ಲಿ ಕೃಷ್ಣೆಯ ದಡದ ರಕ್ಕಸಗಿ ತಂಗಡಗಿಯ ಕಾಳಗ ರಾಮರಾಯನ ತಲೆಯನ್ನೂ ವಿಜಯನಗರವನ್ನೂ ತೆಗೆದ ಮೇಲೆ ಎಡೆದೊರೆಗೆ ಗಡಿಯಾಗಿರುವ ಕರ್ಮ ಸ್ವಲ್ಪ ಕಾಲ ತಪ್ಪಿತು. ಗಡಿ ದಕ್ಷಿಣಕ್ಕೆ ಸರಿಯಿತು. ಆಮೇಲೆ 1686ರಲ್ಲಿ ಮೊಗಲರು, 1724ರ ನಂತರ ನಿಜಾಮ. ಹದಿನೆಂಟನೇ ಶತಮಾನದ ಕೊನೆಗೆ ಮರಾಠರು, ನಿಜಾಮ, ಟಿಪ್ಪು ಮೂವರ ಗಡಿಗಳು ಇಲ್ಲಿ ಒಂದರ ಮೇಲೊಂದು ಬಿದ್ದವು. ಟಿಪ್ಪು ಫ್ರೆಂಚರ ನೆರವಿನಿಂದ ಬಲಪಡಿಸಿದ್ದ ಕೊಪ್ಪಳ, ಬಹದ್ದೂರಬಂಡಿ ಕೋಟೆಗಳಿಗೆ 1790ರಲ್ಲಿ ನಿಜಾಮ ಮತ್ತು ಇಂಗ್ಲಿಷರ ದಂಡು ಮುತ್ತಿಗೆ ಹಾಕಿ ತಿಂಗಳುಗಟ್ಟಲೆ ಕೂತಿತು. ಅದರ ಬೆನ್ನಿಗೇ 1791–92ರ ಬರ ದಖ್ಖನಿನ ಮೇಲೆಲ್ಲ ಬಿತ್ತು. ಹೂಳುವವರಿಲ್ಲದೆ ತಲೆಬುರುಡೆಗಳು ಬಿದ್ದಲ್ಲೇ ಬಿದ್ದಿದ್ದ ಬರ ಅದು. ಮಳೆ ಕೈಕೊಟ್ಟಿದ್ದು ದೈವದ ಪಾಲು. ಹಗೇವು ಬರಿದಾಗಿದ್ದು ದಂಡಿನ ಪಾಲು.

1858ರಲ್ಲಿ ಮುಂಡರಗಿ ಭೀಮರಾಯ ಕೊಪ್ಪಳದ ಕೋಟೆಯಲ್ಲೇ ಇಂಗ್ಲಿಷರ ಎದುರು ಕಾದು ಸತ್ತ. 1947ರಲ್ಲಿ ದೇಶ ಸ್ವತಂತ್ರವಾದಾಗ ಹೈದರಾಬಾದ್ ಸಂಸ್ಥಾನ ಹೊರಗುಳಿದು, ಎಡೆದೊರೆ ಮತ್ತೆ ಗಡಿಸೀಮೆಯಾಯಿತು. ಈ ಬಾರಿ ಪಡುವಣ ಗಡಿಯಾಚೆ ಇದ್ದದ್ದು ಮುಂಬಯಿ ಪ್ರಾಂತ. ನಿಜಾಮನ ಪರ ನಿಂತ ರಜಾಕಾರರ ಹಾವಳಿಗೆ ಹೆದರಿ ಊರುಗಳು ಎದ್ದು ಗದಗ, ಗಜೇಂದ್ರಗಡ, ಮುಂಡರಗಿಯ ಕಡೆ ನಡೆದವು. ಅಲ್ಲಿ ಶಿಬಿರಗಳು ಕಟ್ಟಿಕೊಂಡವು. ಮುಂಡರಗಿಯ ಶಿಬಿರವನ್ನು ಅಳವಂಡಿ ಶಿವಮೂರ್ತಿಸ್ವಾಮಿ ನಡೆಸಿದರು. ಅಲ್ಲಿಂದ ಹೊರಟ ಯುವಕರು ನಿಜಾಮನ ಕರೋಡಗಿರಿ (ಸುಂಕದ) ನಾಕೆಗಳ ಮೇಲೆ ದಾಳಿ ಮಾಡಿದರು, ಗಡಿಯ ಹಳ್ಳಿಗಳನ್ನು ಬಿಡಿಸಿಕೊಂಡರು. 1948ರ ಸೆಪ್ಟೆಂಬರ್‌ನಲ್ಲಿ ಭಾರತದ ಸೇನೆ ಹೊಕ್ಕು ಐದು ದಿನಗಳಲ್ಲಿ ಕೆಲಸ ಮುಗಿಸಿತು. ಈ ವಲಸೆಯ ಹಾದಿ, ಗಂಟುಮೂಟೆ, ಮುಚ್ಚಿದ ಹಗೇವು ಯಾವುದೂ 1406ರಿಂದ ಹೆಚ್ಚು ಬೇರೆಯಾಗಿರಲಿಲ್ಲ. ಬೇರೆಯಾಗಿದ್ದು ಒಂದೇ: ಈ ಬಾರಿ ಓಡಿದವರಲ್ಲಿ ಅಕ್ಷರ ಬಲ್ಲವರಿದ್ದರು, ನೆನಪು ಬರೆದರು.

1953ರಲ್ಲಿ ತುಂಗಭದ್ರಾ ಅಣೆಕಟ್ಟು ಮುಗಿದು ಎಡದಂಡೆ ಕಾಲುವೆ ಹರಿದ ಮೇಲೆ ಗಂಗಾವತಿ, ಸಿಂಧನೂರು, ಮಾನ್ವಿಯ ಎರೆ ಜೋಳ ಬಿಟ್ಟು ಬತ್ತಕ್ಕೆ ತಿರುಗಿತು. ಆಂಧ್ರದ ಕರಾವಳಿಯಿಂದ ಬಂದ ರೈತರು ನೆಲ ಕೊಂಡು ಕಾಲುವೆಯ ಉದ್ದಕ್ಕೂ ಕ್ಯಾಂಪುಗಳನ್ನು ಕಟ್ಟಿಕೊಂಡರು. ಸಿಂಧನೂರಿನ ಬಳಿ ಇನ್ನೊಂದು ಬಗೆಯ ಕ್ಯಾಂಪುಗಳೂ ಇವೆ. 1970ರ ಸುಮಾರಿಗೆ ಪೂರ್ವ ಬಂಗಾಳದ ಗಲಭೆಗೆ ಮನೆಮಠ ಬಿಟ್ಟು ಬಂದವರಿಗೆ ಸರ್ಕಾರ ಇಲ್ಲಿ ನೆಲ ಕೊಟ್ಟು ನೆಲೆಗೊಳಿಸಿತು. ಆರ್‌ಎಚ್ ಕ್ಯಾಂಪ್ ಎಂದರೆ ಸಿಂಧನೂರಿನಲ್ಲಿ ಯಾವ ಆಟೋದವನಾದರೂ ಕರೆದೊಯ್ಯುತ್ತಾನೆ. ನೂರಾರು ವರ್ಷ ದಂಡಿಗೆ ಹೆದರಿ ಊರು ಬಿಟ್ಟವರ ಸೀಮೆಗೆ, ಬೇರೊಂದು ಹೊಳೆಬಯಲಿನಿಂದ ಊರು ಬಿಟ್ಟವರು ಬಂದು ಗದ್ದೆ ಮಾಡಿದರು. ಈ ಸಂಗತಿ ನಮ್ಮ ಜಿಲ್ಲಾ ಚರಿತ್ರೆಗಳಲ್ಲಿ ಒಂದು ಪುಟಕ್ಕೂ ಬಾರದಿರುವುದು ಸೋಜಿಗ.

ನೀರು ಬಂದದ್ದು ಎಲ್ಲರಿಗೂ ಅಲ್ಲ. ಕಾಲುವೆಯ ಕೊನೆಯ ಭಾಗದವರು ಪ್ರತಿ ವರ್ಷ ನೀರಿಗಾಗಿ ರಸ್ತೆಗೆ ಇಳಿಯುತ್ತಾರೆ. 2024ರ ಆಗಸ್ಟ್‌ನಲ್ಲಿ ಅಣೆಕಟ್ಟಿನ 19ನೇ ಗೇಟು ಕೊಚ್ಚಿಹೋದಾಗ ಈ ಸೀಮೆ ಇಡೀ ವಾರ ಉಸಿರು ಬಿಗಿಹಿಡಿದಿತ್ತು. ದೇವದುರ್ಗ, ಲಿಂಗಸುಗೂರಿನ ಒಣ ಊರುಗಳಿಂದ ಜನ ಈಗಲೂ ಗುಳೆ ಹೋಗುತ್ತಾರೆ, ಬೆಂಗಳೂರಿನ ಕಟ್ಟಡ ಕೆಲಸಕ್ಕೆ, ಪುಣೆಗೆ. ದಂಡಿನ ಭಯ ಇಲ್ಲ. ಕರೆಸಿಕೊಳ್ಳಲು ಕೌಲು ಬರೆದುಕೊಡುವ ದೊರೆಯೂ ಇಲ್ಲ.

ಕೋಟೆಗಳಿಗೆ ಪುರಾತತ್ವದವರ ಫಲಕ ಇದೆ, ಸಾಲದಿದ್ದರೂ ಇದೆ. ಹಗೇವುಗಳಿಗೆ ಅದೂ ಇಲ್ಲ. ಕಾಂಕ್ರೀಟು ರಸ್ತೆ ಹಾಕುವಾಗ, ಹಳೆ ಮನೆ ಕೆಡವುವಾಗ ಒಂದೊಂದಾಗಿ ಮಣ್ಣು ತುಂಬಿ ಮುಚ್ಚಿಹೋಗುತ್ತಿವೆ. ರಾಯಚೂರು, ಕೊಪ್ಪಳ ಜಿಲ್ಲೆಗಳ ಶಾಲಾ ಮೇಷ್ಟರಿಗೆ, ಕಾಲೇಜು ಹುಡುಗರಿಗೆ ನನ್ನದೊಂದು ವಿನಂತಿ. ನಿಮ್ಮ ಊರಿನಲ್ಲಿ ಹಗೇವು ಎಲ್ಲೆಲ್ಲಿದ್ದವು, ಯಾರ ಮನೆಯದಕ್ಕೆ ಎಷ್ಟು ಚೀಲ ಹಿಡಿಯುತ್ತಿತ್ತು, ಕೊನೆಯ ಸಲ ಯಾವ ವರ್ಷ ತೆರೆದರು, ರಜಾಕಾರರ ಕಾಲದಲ್ಲಿ ಊರು ಯಾವ ದಾರಿ ಹಿಡಿದು ಎಲ್ಲಿಗೆ ಹೋಯಿತು ಎಂದು ಎಂಬತ್ತು ದಾಟಿದವರನ್ನು ಕೇಳಿ ಬರೆದಿಡಿ. ಹೇಳಬಲ್ಲವರು ಇನ್ನು ಬಹಳ ವರ್ಷ ಇರುವುದಿಲ್ಲ.